ನಂದಣ್ಣನ ಬೋಣಿ ರಾಗ

ಯಡಿಯೂರು ಕೆರೆಯ ಹಿಂದಿನ ಬೀದಿಯಲ್ಲಿ ನಂದಕುಮಾರ್ ಎಲ್ಲಿ ಎಂದು ಕೇಳಿದರೆ ಯಾರೂ ತೋರಿಸುವುದಿಲ್ಲ. ಗೇಮ್ ನಂದಣ್ಣನ ಅಂಗಡಿ ಎಂದರೆ ಎಳನೀರು ಮಾರುವವನೂ ಕತ್ತಿಯ ತುದಿಯಿಂದಲೇ ದಾರಿ ತೋರಿಸುತ್ತಾನೆ. ಅಲ್ಲಿ ಗೇಮಿನ ವ್ಯಾಪಾರ ನಿಂತು ಬಹಳ ಕಾಲವಾಯಿತು. ಈಗ ಅದು ಮಿಕ್ಸಿ, ಫ್ಯಾನು, ಇಸ್ತ್ರಿ ಪೆಟ್ಟಿಗೆ ರಿಪೇರಿ ಮಾಡುವ ಅಂಗಡಿ. ಆದರೂ ಹಳೆಯ ಹೆಸರು ಬಿಟ್ಟುಹೋಗಿಲ್ಲ. ಯಾಕೆಂದರೆ ಒಳಗೆ ಗೋಡೆಯಿಂದ ಎರಡು ಮೊಳ ಬಿಟ್ಟು ಆಳೆತ್ತರದ ಒಂದು ವಿಡಿಯೊ ಗೇಮ್ ಯಂತ್ರ ಇನ್ನೂ ನಿಂತಿದೆ.

ನಂದಕುಮಾರನ ತಂದೆ ಬೋರಣ್ಣ ಕೆರೆಯ ಅಂಚಿನಲ್ಲಿ ದಂಟು, ಕೀರೆ, ಸಬ್ಬಸಿಗೆ ಬೆಳೆದು ಗಾಂಧಿಬಜಾರಿಗೆ ಹೊರುತ್ತಿದ್ದವನು. ಸೊಪ್ಪಿನ ಮಡಿಗಳೆಲ್ಲ ಬಡಾವಣೆಯಾದ ಮೇಲೆ ಕೈಯಲ್ಲಿ ಉಳಿದದ್ದು ಒಂದು ಸೈಟು. ಅದರಲ್ಲಿ ಕೆಳಗೆ ಅಂಗಡಿ, ಮೇಲೆ ಮನೆ ಕಟ್ಟಿದ. ಮಗ ಪಿಯುಸಿಯಲ್ಲಿ ಫೇಲಾಗಿ ರೇಡಿಯೊ ರಿಪೇರಿ ಕಲಿತ. ಒಂದು ದಿನ ಅವನು ಲಗೇಜ್ ಆಟೊದಲ್ಲಿ ಈ ಯಂತ್ರವನ್ನು ತಂದು ಇಳಿಸಿದಾಗ ಬೋರಣ್ಣ ಅದರ ಸುತ್ತ ಒಂದು ಪ್ರದಕ್ಷಿಣೆ ಹಾಕಿ, "ಇದೇನ್ಲಾ, ಬೀರೂಗೆ ಟೀವಿ ಹೊಲ್ದವ್ರೆ?" ಎಂದು ಕೇಳಿದ್ದ.

ಬೀರೂಗೆ ಹೊಲಿದ ಟೀವಿಯೇ ಆ ಮನೆಗೆ ಅನ್ನ ಹಾಕಿತು. ಒಂದರ ಪಕ್ಕ ಒಂದರಂತೆ ಇನ್ನೂ ಕೆಲವು ಯಂತ್ರಗಳು ಬಂದವು. ಜಯನಗರ, ತ್ಯಾಗರಾಜನಗರದ ಹುಡುಗರು ಶಾಲೆ ಬಿಟ್ಟೊಡನೆ ಬಂದು ಮುತ್ತುತ್ತಿದ್ದರು. "ಗುರು, ಸಖತ್ ಆಡ್ದೆ ಗುರು" ಎಂಬ ಕೂಗಿಗೆ ಮೇಲಿನ ಮನೆಯ ನೆಲ ನಡುಗುತ್ತಿತ್ತು. ಆಮೇಲೆ ಮನೆಮನೆಗೆ ಕಂಪ್ಯೂಟರ್ ಬಂತು, ಕೈಕೈಗೆ ಮೊಬೈಲ್ ಬಂತು. ಯಂತ್ರಗಳು ಗುಜರಿಗೆ ಹೋದವು. ಮೊದಲು ಬಂದದ್ದನ್ನು ಮಾತ್ರ ನಂದಕುಮಾರ್ ಕೊಡಲಿಲ್ಲ.

ಅದರಲ್ಲಿದ್ದ ಆಟದ ಹೆಸರು ಜಪಾನಿ ಅಕ್ಷರದಲ್ಲಿತ್ತು. ಓದುವವರು ಯಾರು? ತೆರೆಯ ಮೇಲೆ ದೊಡ್ಡ ಕೆಂಪು ಹಕ್ಕಿಯೊಂದು ಬೆಟ್ಟಗಳ ನಡುವೆ ಹಾರುತ್ತ ಬೆಂಕಿ ಉಗುಳುತ್ತಿದ್ದುದರಿಂದ ಹುಡುಗರು ಅದನ್ನು ಗರುಡ ಎಂದು ಕರೆದರು. ರೂಪಾಯಿ ಹಾಕಿದೊಡನೆ ಗರುಡ ರೆಕ್ಕೆ ಬಿಚ್ಚುತ್ತಿತ್ತು, ಜೊತೆಗೆ ಒಂದು ಪುಟ್ಟ ರಾಗ ಮೊಳಗುತ್ತಿತ್ತು. ಮೇಲೇರಿ, ಅಲ್ಲೇ ಒಂದು ಕ್ಷಣ ನಿಂತು, ಜಾರಿ ಇಳಿಯುವ ರಾಗ. ನಂದಕುಮಾರನ ತಾಯಿ ಅಂಜನಮ್ಮ ಮೊದಲ ಸಲ ಅದನ್ನು ಕೇಳಿ, "ಅಯ್ಯೋ, ಮದ್ವೆ ಮನೆ ಓಲಗ ಊದ್ದಂಗಾಯ್ತು ಕಣ್ಲಾ" ಎಂದಿದ್ದಳು. ಆವತ್ತಿನಿಂದ ಆ ಮನೆಯಲ್ಲಿ ಅದಕ್ಕೆ ಓಲಗ ಎಂದೇ ಹೆಸರು.

ಓಲಗವೇ ಅಂಗಡಿಯ ಬೋಣಿಯೂ ಆಯಿತು. ಬೆಳಿಗ್ಗೆ ಷಟರ್ ಎತ್ತಿ, ನೀರು ಚಿಮುಕಿಸಿ, ಊದುಬತ್ತಿ ಹಚ್ಚಿ, ನಂದಕುಮಾರ್ ತಾನೇ ಮೊದಲ ನಾಣ್ಯ ಹಾಕುತ್ತಿದ್ದ. ಓಲಗ ಮೊಳಗಿದ ಮೇಲೆಯೇ ಮೊದಲ ಗಿರಾಕಿ. ಗೇಮಿನ ವ್ಯಾಪಾರ ಹೋಗಿ ರಿಪೇರಿ ಬಂದ ಮೇಲೂ ಅದು ತಪ್ಪಲಿಲ್ಲ. ಈಗಿನ ನಾಣ್ಯ ಆ ಕಿಂಡಿಗೆ ಕೂರುವುದಿಲ್ಲವೆಂದು ಹಳೆಯ ದಪ್ಪ ರೂಪಾಯಿಯೊಂದನ್ನು ಅದಕ್ಕೇ ಇಟ್ಟಿದ್ದ. ಹಾಕುವುದು, ಕೆಳಗಿನ ಬಾಗಿಲು ತೆಗೆದು ಮತ್ತೆ ಎತ್ತಿಕೊಳ್ಳುವುದು. ವಯಸ್ಸಾಗಿ ಕಣ್ಣು ಮಂಜಾದ ಅಂಜನಮ್ಮನಿಗೆ ಮೇಲಿನ ಮನೆಯಲ್ಲಿ ಬೆಳಗಾಗುತ್ತಿದ್ದುದೇ ಆ ರಾಗದಿಂದ. "ಓಲಗ ಆಯ್ತು, ಕಾಫಿ ತಾ ಮಗಾ" ಎಂದು ಮೊಮ್ಮಗಳು ಬಿಂದುಶ್ರೀಯನ್ನು ಕೂಗುತ್ತಿದ್ದಳು.

ಅಂಜನಮ್ಮನಿಗೂ ಆ ಯಂತ್ರಕ್ಕೂ ಇನ್ನೊಂದು ನಂಟಿತ್ತು. ಯಂತ್ರ ಬಂದ ವರ್ಷ ಆಯುಧಪೂಜೆಯ ದಿನ ಅವಳು ಅರಿಶಿನ ಕುಂಕುಮದ ಬಟ್ಟಲು ಹಿಡಿದು ಬಂದು, "ಇದ್ರಾಗೆ ಹಾಡೋದು ಯಾವ್ದ್ಲಾ?" ಎಂದು ಕೇಳಿದಳು. ನಂದಕುಮಾರ್ ಹಿಂದಿನ ಹಲಗೆ ತೆಗೆದು, ಒಳಗಿನ ಹಸಿರು ಬೋರ್ಡಿನ ಮೇಲೆ ಜರಿಹುಳದಂತೆ ಸಾಲುಗಾಲುಗಳಿದ್ದ ಕಪ್ಪು ಚಿಪ್ಪೊಂದನ್ನು ತೋರಿಸಿದ. ಅವಳು ಅದರ ಬೆನ್ನಿಗೆ ಮೊದಲು ಅರಿಶಿನ ಹಚ್ಚಿ, ಅದರ ಮೇಲೆ ಕುಂಕುಮ ಇಟ್ಟಳು. ಪ್ರತಿ ವರ್ಷವೂ ಅಷ್ಟೇ. ಹಳೆಯದರ ಮೇಲೆ ಹೊಸದು ಕೂತು ಕೂತು ಅಲ್ಲೊಂದು ಗಟ್ಟಿ ಹಕ್ಕಳೆಯೇ ಬೆಳೆದಿತ್ತು. ಬಿಂದುಶ್ರೀ, "ಅಜ್ಜಿ, ಕರೆಂಟ್ ಹೊಡೆದ್ರೆ?" ಎಂದು ಹೆದರಿಸಿದರೆ, "ನನ್ಗೆ ಹೊಡೆಯಕ್ಕೆ ಅದುಕ್ಕೇನು ಮನಸ್ಸು ಬಂದಾತು?" ಎನ್ನುತ್ತಿದ್ದಳು.

ವಸಿಷ್ಠ ಬಂದದ್ದು ಗೇಮಿನ ದಿನಗಳಲ್ಲಿ. ತ್ಯಾಗರಾಜನಗರದ ಅನಂತಪದ್ಮನಾಭ ಮೇಷ್ಟ್ರ ಮಗ. ಬಿಳಿ ಅಂಗಿ, ಹಣೆಯಲ್ಲಿ ಗೋಪಿಚಂದನ, ಸಂಗೀತ ಪಾಠಕ್ಕೆಂದು ಮನೆ ಬಿಟ್ಟು ಇಲ್ಲಿಗೆ ಬರುತ್ತಿದ್ದ. ಬೇರೆ ಹುಡುಗರು ಹಕ್ಕಿಯನ್ನು ನೋಡಿದರೆ ಇವನು ಸ್ಪೀಕರಿಗೆ ಕಿವಿ ಕೊಟ್ಟು ನಿಲ್ಲುತ್ತಿದ್ದ. ಒಂದು ಸಂಜೆ ಮೇಷ್ಟ್ರು ಕೊಡೆ ಹಿಡಿದು ಅಂಗಡಿಯ ಬಾಗಿಲಿಗೇ ಬಂದುಬಿಟ್ಟರು.

"ನನ್ನ ಮಗ ಇಲ್ಲಿಗೆ ಬರ್ತಾನೇನ್ರಿ?"

ಮಗ ಗರುಡ ಯಂತ್ರದ ಹಿಂದೆ ಉಸಿರು ಹಿಡಿದು ಕುಕ್ಕರಗಾಲಲ್ಲಿ ಕೂತಿದ್ದ.

"ಇಲ್ಲ ಸಾರ್. ಈ ಕಡೆ ನೋಡೇ ಇಲ್ಲ" ಎಂದ ನಂದಕುಮಾರ್.

ಮೇಷ್ಟ್ರು ಹೋದ ಮೇಲೆ ಅಂಜನಮ್ಮ ಮೆಟ್ಟಿಲ ಮೇಲಿಂದಲೇ ಬೈದಳು. "ಅಂಥ ದೊಡ್ಡೋರ ಮುಂದೆ ಸುಳ್ಳು ಹೇಳ್ತೀಯಲ್ಲ, ನಾಲ್ಗೆ ಬಿದ್ದೋಗಾಕಿಲ್ವಾ?"

"ಮಗು ಕಣಮ್ಮ. ಮನೇಲಿ ಹೊಡೀತಾರೆ."

ವಸಿಷ್ಠ ಅದನ್ನು ಮರೆತಿರಲಿಲ್ಲ. ಓದಿ, ಕೆಲಸ ಹಿಡಿದು, ಮದುವೆಯಾದ ಮೇಲೂ ಆಯುಧಪೂಜೆಗೆ ತಪ್ಪದೆ ಅಂಗಡಿಗೆ ಬರುತ್ತಿದ್ದ. ಅಂಜನಮ್ಮನ ಕಾಲಿಗೆ ನಮಸ್ಕರಿಸಿ, ಗರುಡಕ್ಕೆ ಆ ಹಳೆಯ ರೂಪಾಯಿ ಹಾಕಿ, ಕಡ್ಲೆಪುರಿ ತಿಂದು ಹೋಗುತ್ತಿದ್ದ. ನಂದಕುಮಾರನಿಗೆ ಗಂಡುಮಕ್ಕಳಿಲ್ಲ. ಬಂದವರಿಗೆಲ್ಲ, "ನಮ್ಮ ಹುಡುಗ, ನಮ್ಮ ಅಂಗ್ಡೀಲೇ ಬೆಳೆದಿದ್ದು" ಎಂದು ಅವನನ್ನು ತೋರಿಸುತ್ತಿದ್ದ.

ಈ ವರ್ಷ ಆಷಾಢದಲ್ಲಿ ವಸಿಷ್ಠ ಒಂದು ಕೋರಿಕೆ ಹಿಡಿದು ಬಂದ. ಹಳೆಯ ಯಂತ್ರಗಳ ಆಟವನ್ನು ಇವತ್ತಿನ ಕಂಪ್ಯೂಟರಿನಲ್ಲಿ ಹಾಗೆಯೇ ಆಡಿಸುವ ಒಂದು ಬಗೆಯ ತಂತ್ರಾಂಶ ಇದೆಯಂತೆ. ಎಮ್ಯುಲೇಟರ್ ಎನ್ನುತ್ತಾರಂತೆ. ದೇಶದೇಶದ ಹವ್ಯಾಸಿಗಳು ಸೇರಿ ಸಂಬಳವಿಲ್ಲದೆ ಅದನ್ನು ಕಟ್ಟುತ್ತಾರಂತೆ. ಅವನೂ ಅವರಲ್ಲೊಬ್ಬ. ಗರುಡದ ಚಿತ್ರವೆಲ್ಲ ಅದರಲ್ಲಿ ಬಂದಿದೆ, ದನಿ ಮಾತ್ರ ಇಲ್ಲ.

"ಯಾಕಿಲ್ಲ?"

"ದನಿಯ ಪ್ರೋಗ್ರಾಮು ಆ ಚಿಪ್ಪಿನ ಹೊಟ್ಟೇಲೇ ಇದೆ ನಂದಣ್ಣ. ಮಾಡ್ದೋರು ಬೀಗ ಹಾಕ್ಬಿಟ್ಟಿದಾರೆ. ಬೇರೆ ಕಡೆ ಸಿಕ್ಕ ಬೋರ್ಡುಗಳಲ್ಲೆಲ್ಲ ಆ ಚಿಪ್ಪು ಒಳಗೇ ತುಕ್ಕು ಹಿಡಿದು ಸತ್ತುಹೋಗಿದೆ. ನಮಗೆ ಗೊತ್ತಿರೋ ಹಾಗೆ ಜೀವಂತವಾಗಿರೋದು ನಿಮ್ಮದೊಂದೇ. ಬೋರ್ಡು ಕೊಟ್ರೆ ಕಾಪಿ ಮಾಡ್ಕೊಂಡು ತಂದ್ಕೊಡ್ತೀನಿ."

ನಂದಕುಮಾರ್ ಕೈಯಲ್ಲಿದ್ದ ಸ್ಕ್ರೂಡ್ರೈವರ್ ಕೆಳಗಿಟ್ಟ. "ಅದಕ್ಕೇನೂ ಆಗಲ್ಲ ತಾನೇ ವಸಿಷ್ಠ? ನೋಡು, ಅಮ್ಮ ಅದನ್ನ ಕೇಳ್ಕೊಂಡೇ ಎದ್ದೇಳೋದು."

"ಏನೂ ಆಗಲ್ಲ. ಕ್ಯಾಸೆಟ್ ಕಾಪಿ ಮಾಡ್ದಂಗೆ. ಆಯುಧಪೂಜೆ ಹೊತ್ತಿಗೆ ನಿಮ್ಮ ಕೈಲಿರುತ್ತೆ."

ಬೇರೆ ಯಾರಾದರೂ ಕೇಳಿದ್ದರೆ ಕೊಡುತ್ತಿರಲಿಲ್ಲ. ಬೋರ್ಡನ್ನು ತಾನೇ ಬಿಚ್ಚಿ, ಚಿಪ್ಪಿನ ಮೇಲಿನ ಹಕ್ಕಳೆ ಉದುರದಂತೆ ಹತ್ತಿ ಹೊದಿಸಿ, ಹಳೆಯ ಪಂಚೆಯಲ್ಲಿ ಸುತ್ತಿ ಕೊಟ್ಟ. ಶೂನ್ಯ ಮಾಸದಲ್ಲಿ ಮನೆಯಿಂದ ಹೊರಗೆ ಕಳಿಸಬೇಡವೆಂದು ಅಂಜನಮ್ಮ ಗೊಣಗಿದಳು. "ನಮ್ಮ ಹುಡ್ಗನ ಮನೆಗೇ ಹೋಗ್ತಿರೋದು, ಸುಮ್ನಿರಮ್ಮ" ಎಂದ.

ಆ ತಿಂಗಳುಗಳಲ್ಲಿ ಅಂಗಡಿ ತೆಗೆಯುವಾಗ ಅವನಿಗೆ ಏನೋ ಮರೆತಂತೆ ಆಗುತ್ತಿತ್ತು. ಕೈ ತಾನಾಗಿ ಡ್ರಾಯರಿನ ರೂಪಾಯಿಗೆ ಹೋಗಿ ವಾಪಸು ಬರುತ್ತಿತ್ತು. ಮೇಲಿನಿಂದ ಅಂಜನಮ್ಮ, "ತೆಗ್ದೇನ್ಲಾ? ಓಲಗ ಇಲ್ದೆ ನಂಗೆ ಹೊತ್ತೇ ಗೊತ್ತಾಗ್ದು" ಎಂದು ದಿನವೂ ಕೇಳುತ್ತಿದ್ದಳು.

ಮಾತಿನಂತೆ ವಸಿಷ್ಠ ಆಯುಧಪೂಜೆಯ ಹಿಂದಿನ ದಿನ ಬೋರ್ಡನ್ನು ತಂದುಕೊಟ್ಟ. ಅದೇ ಪಂಚೆ, ಅದೇ ಹತ್ತಿ, ಚಿಪ್ಪಿನ ಮೇಲೆ ಕೆಂಪಗೆ ಕುಂಕುಮ. ಅಂಗಡಿಯಲ್ಲಿ ಗಿರಾಕಿಗಳ ನೂಕುನುಗ್ಗಲು. ನಂದಕುಮಾರ್ ಬೋರ್ಡನ್ನು ಕೂರಿಸಿ, ವೈರು ಸಿಕ್ಕಿಸಿ, ಓಲಗ ನಾಳೆ ಪೂಜೆಯಲ್ಲೇ ಆಗಲಿ ಎಂದು ಸುಮ್ಮನಾದ.

ಮರುದಿನ ಮಿಕ್ಸಿಯಿಂದ ಹಿಡಿದು ಡ್ರಿಲ್ಲಿಂಗ್ ಮಷೀನಿನ ತನಕ ಎಲ್ಲಕ್ಕೂ ಚೆಂಡುಹೂವು ಮುಡಿಸಿ ಸಾಲಾಗಿ ಇಟ್ಟಿದ್ದರು. ಬಿಂದುಶ್ರೀ ಅಜ್ಜಿಯ ಕೈ ಹಿಡಿದು ಯಂತ್ರದ ಹಿಂದಕ್ಕೆ ಕರೆತಂದಳು. ಕಣ್ಣು ಕಾಣದ ಅಂಜನಮ್ಮ ಈಚಿನ ವರ್ಷಗಳಲ್ಲಿ ಹಕ್ಕಳೆಯನ್ನು ಬೆರಳಿನಲ್ಲಿ ತಡವಿಯೇ ಜಾಗ ಗುರುತಿಸುತ್ತಿದ್ದಳು. ಈ ಸಲ ಬೆರಳು ಅಲ್ಲೇ ಅಲೆಯಿತು.

"ಇದ್ಯಾಕ್ಲಾ ನುಣ್ಣಗೈತೆ? ಹಳೇದ ಯಾರು ಕೆರೆದವ್ರು?"

ಪುರಿಯ ತಟ್ಟೆ ಹಿಡಿದು ನಿಂತಿದ್ದ ವಸಿಷ್ಠ ತಕ್ಷಣ ಹೇಳಿದ. "ತುಂಬ ಧೂಳಿತ್ತು ಅಜ್ಜಿ, ಒರೆಸ್ದೆ."

"ಒರೆಸೋದಾ? ಒಳ್ಳೆ ಕೆಲ್ಸ ಮಾಡ್ದೆ ಐನೋರ ಮಗ. ನಾ ಇಷ್ಟು ವರ್ಷ ಕಟ್ಟಿದ್ದ ಒಂದೇ ದಿನ್ದಾಗೆ ತೊಳ್ದಾಕ್ದೆ" ಎಂದು ನಕ್ಕು, ಅರಿಶಿನ ಹಚ್ಚಿ ಕುಂಕುಮ ಇಟ್ಟಳು.

ಮಂಗಳಾರತಿಯಾಯಿತು. ಬೂದುಗುಂಬಳ ಬಾಗಿಲಲ್ಲಿ ಒಡೆಯಿತು. ನಂದಕುಮಾರ್ ಹಳೆಯ ರೂಪಾಯಿ ಹಾಕಿದ. ತೆರೆಯ ಮೇಲೆ ಗರುಡ ರೆಕ್ಕೆ ಬಿಚ್ಚಿತು. ದನಿ ಇಲ್ಲ. ನಾಣ್ಯ ಮತ್ತೆ ತೆಗೆದು ಹಾಕಿದ. ಗರುಡ ಮತ್ತೆ ರೆಕ್ಕೆ ಬಿಚ್ಚಿತು, ಮೂಗನಂತೆ.

"ಸ್ಪೀಕರ್ ವೈರ್ ಲೂಸ್ ಆಗಿರ್ಬೇಕು ನಂದಣ್ಣ" ಎಂದ ವಸಿಷ್ಠ. ಪುರಿ ಪೂರ್ತಿ ತಿನ್ನದೆ, ಕೆಲಸವಿದೆಯೆಂದು ಹೊರಟುಹೋದ.

ನಂದಕುಮಾರ್ ಗಿರಾಕಿಗಳ ಕೆಲಸ ಬದಿಗಿಟ್ಟು ಯಂತ್ರದ ಹಿಂದೆ ಬಿದ್ದ. ವೈರು ಬದಲಿಸಿದ. ಸ್ಪೀಕರ್ ಬದಲಿಸಿದ. ದನಿ ಹೆಚ್ಚಿಸುವ ಭಾಗವನ್ನೆಲ್ಲ ಹೊಸದಾಗಿ ಬೆಸುಗೆ ಹಾಕಿದ. ನಡುನಡುವೆ ವಸಿಷ್ಠನಿಗೆ ಫೋನು ಮಾಡುತ್ತಿದ್ದ. "ಕೆಪಾಸಿಟರ್ ಹಳೇದಾಗಿರುತ್ತೆ, ಅದನ್ನ ನೋಡಿ" ಎಂದು ಅವನು ಸಮಾಧಾನದಿಂದ ಹೇಳುತ್ತಿದ್ದ. ನಂದಕುಮಾರ್ ಅದನ್ನೂ ನೋಡಿದ. ತಪ್ಪು ತನ್ನದೇ ಇರಬೇಕು, ಜೋಡಿಸುವಾಗ ತಾನೇ ಏನೋ ಸುಟ್ಟಿರಬೇಕು ಎಂಬ ಅಳುಕು ಅವನನ್ನು ತಿನ್ನತೊಡಗಿತು. ಜೋಪಾನ ಮಾಡಿ ತಂದುಕೊಟ್ಟ ಹುಡುಗನಿಗೆ ಏನು ಹೇಳುವುದು ಎಂದೇ ಅವನ ಚಿಂತೆ.

ಕೊನೆಗೆ ಚಿಪ್ಪೇ ಸತ್ತಿರಬಹುದೆಂದು ಅದರ ನಂಬರು ಓದಲು ಮೇಲಿನ ಕುಂಕುಮವನ್ನು ಬ್ಲೇಡಿನಿಂದ ಮೆಲ್ಲಗೆ ಕೆರೆದ. ಕುಂಕುಮದ ಕೆಳಗೆ ಅರಿಶಿನ ಬಂತು. ಅದು ಮೊನ್ನೆಯ ಪೂಜೆಯಲ್ಲಿ ಅಮ್ಮ ಇಟ್ಟದ್ದು. ಅದರ ಕೆಳಗೆ ಮತ್ತೆ ಕುಂಕುಮ. ಅದನ್ನೂ ಕೆರೆದ. ಕೆಳಗೆ ಬರಿಯ ಕಪ್ಪು ಪ್ಲಾಸ್ಟಿಕ್ಕು. ಅಲ್ಲಿ ನಂಬರೂ ಇರಲಿಲ್ಲ. ಯಾರೋ ಉಪ್ಪುಕಾಗದದಲ್ಲಿ ಉಜ್ಜಿ ಅಳಿಸಿದ್ದರು.

ನಂದಕುಮಾರ್ ಸ್ಟೂಲಿನ ಮೇಲೆ ಕೂತುಬಿಟ್ಟ. ಅರಿಶಿನ ಹಚ್ಚದೆ ಅವನ ತಾಯಿ ಒಂದು ಮಣೆಗೂ ಕುಂಕುಮ ಇಟ್ಟವಳಲ್ಲ. ಅಡಿಯಲ್ಲಿದ್ದ ಆ ಕುಂಕುಮ ಅವಳದಲ್ಲ. ಈ ಚಿಪ್ಪೂ ತನ್ನದಲ್ಲ. ಕುಂಕುಮ ಇಟ್ಟವನು ಅದನ್ನು ಇಟ್ಟದ್ದು ಪೂಜೆಗಲ್ಲ, ನಂದಕುಮಾರ್ ಗುರುತು ಹಿಡಿಯಬಾರದೆಂದು.

ಆ ಚಿಪ್ಪನ್ನು ಸಾಕೆಟ್ಟಿನಿಂದ ಕಿತ್ತು ಅಂಗಿ ಜೇಬಿಗೆ ಹಾಕಿಕೊಂಡು ನಡೆದೇ ತ್ಯಾಗರಾಜನಗರಕ್ಕೆ ಹೋದ. ವಸಿಷ್ಠನ ಮನೆಯ ಗೇಟಿಗೆ ಕೈ ಇಟ್ಟಾಗ ಒಳಗಿನಿಂದ ಓಲಗ ಕೇಳಿಸಿತು. ಮೇಲೇರಿ, ನಿಂತು, ಜಾರಿ ಇಳಿಯುವ ಅದೇ ರಾಗ. ಒಂದು ಕ್ಷಣ, ತಾನೇ ಬೆಳಿಗ್ಗೆ ಷಟರ್ ಎತ್ತುತ್ತಿದ್ದೇನೆ ಎನಿಸಿತು.

ಬಾಗಿಲು ತೆಗೆದ ವಸಿಷ್ಠನ ಹೆಂಡತಿ ಪ್ರಕೃತಿ, "ಬನ್ನಿ ನಂದಣ್ಣ, ಎಷ್ಟು ಅಪರೂಪ! ಒಳಗಿದಾರೆ, ಹೋಗಿ. ಕಾಫಿ ತರ್ತೀನಿ" ಎಂದಳು. ಅವಳಿಗೆ ಏನೂ ಗೊತ್ತಿದ್ದಂತೆ ಕಾಣಲಿಲ್ಲ.

ಕಂಪ್ಯೂಟರಿನ ತೆರೆಯಲ್ಲಿ ಕೆಂಪು ಗರುಡ ಹಾರುತ್ತಿತ್ತು. ನಂದಕುಮಾರನನ್ನು ಕಂಡದ್ದೇ ವಸಿಷ್ಠನ ಕೈ ಚಂಗನೆ ಹೋಗಿ ದನಿಯನ್ನು ಅಡಗಿಸಿತು.

"ಯಾಕೆ ನಿಲ್ಲಿಸ್ದೆ? ಹಾಕು."

ವಸಿಷ್ಠ ಮತ್ತೆ ಹಾಕಿದ. ನಂದಕುಮಾರ್ ಪೂರ್ತಿ ಕೇಳಿದ. ತನ್ನ ಹಳೆಯ ಸ್ಪೀಕರಿನ ಕರಕರ ಒಂದಿಲ್ಲ, ಉಳಿದದ್ದೆಲ್ಲ ಇತ್ತು. ಆಮೇಲೆ ಜೇಬಿನ ಚಿಪ್ಪನ್ನು ಕೀಬೋರ್ಡಿನ ಪಕ್ಕದಲ್ಲಿಟ್ಟ.

"ಇದು ಯಾವ್ದರದ್ದು?"

ವಸಿಷ್ಠ ತಲೆ ಎತ್ತಲಿಲ್ಲ. "ಗುಜರೀಲಿ ಸಿಕ್ತು. ಹಳೇ ಪ್ರಿಂಟರ್‌ದು."

"ನಂದೆಲ್ಲಿ?"

"ಬೀಗ ಹಾಕಿರೋದನ್ನ ಹೊರಗಿಂದ ಓದಕ್ಕಾಗಲ್ಲ ನಂದಣ್ಣ. ಆಸಿಡ್ ಹಾಕಿ ಮೇಲಿನ ಪ್ಲಾಸ್ಟಿಕ್ ಕರಗಿಸ್ಬೇಕು. ಒಳಗೆ ಉಗುರಿನಷ್ಟು ಒಂದು ಚೂರಿರುತ್ತೆ. ಅದನ್ನ ಮೈಕ್ರೋಸ್ಕೋಪಲ್ಲಿ ಫೋಟೊ ತೆಗೆದು, ಚುಕ್ಕಿ ಚುಕ್ಕಿ ಓದ್ಬೇಕು. ವಿದೇಶದಲ್ಲಿ ಮಾಡೋರಿದಾರೆ, ಅಲ್ಲಿಗೆ ಕಳಿಸ್ದೆ."

"ವಾಪಸ್ ಬರಲ್ಲ ಅಂತ ಗೊತ್ತಿತ್ತಾ?"

ವಸಿಷ್ಠ ಮೌಸನ್ನು ಅತ್ತ ಸರಿಸಿದ.

"ಆಷಾಢದಲ್ಲಿ ನನ್ನ ಅಂಗ್ಡೀಲಿ ನಿಂತು ಕ್ಯಾಸೆಟ್ ಅಂದ್ಯಲ್ಲ, ಆಗ ಗೊತ್ತಿತ್ತಾ?"

"ಗೊತ್ತಿತ್ತು. ಹೇಳಿದ್ರೆ ನೀವು ಕೊಡ್ತಿರ್ಲಿಲ್ಲ." ಈಗ ಅವನ ಮಾತು ವೇಗ ಪಡೆಯಿತು. "ಇನ್ನು ಸ್ವಲ್ಪ ವರ್ಷಕ್ಕೆ ಅದು ತಾನಾಗೇ ಸಾಯ್ತಿತ್ತು ನಂದಣ್ಣ. ಆಗ ನಿಮಗೂ ಇಲ್ಲ, ಯಾರಿಗೂ ಇಲ್ಲ. ಈಗ ನೋಡಿ, ಯಾವತ್ತಿಗೂ ಹೋಗಲ್ಲ. ನಾನೊಬ್ಬನೇ ಹೆಸರು ತಗೊಂಡಿಲ್ಲ, ನಮ್ಮ ಗುಂಪಿನ ಪುಟದಲ್ಲಿ ನಿಮ್ಮ ಹೆಸರನ್ನೂ ಹಾಕಿದೀನಿ. ಬೆಂಗಳೂರು ಯಡಿಯೂರಿನ ನಂದಕುಮಾರ್ ಅವರು ದಾನ ಕೊಟ್ಟಿದ್ದು ಅಂತ."

"ಸಾಯೋದೇ ಆಗಿದ್ರೆ ನಮ್ಮನೇಲೇ ಸಾಯ್ಲಿ ಅಂತಿದ್ನೋ, ತಗೊಂಡ್ಹೋಗು ಅಂತಿದ್ನೋ, ನಂಗೇ ಗೊತ್ತಿಲ್ಲ. ಅದನ್ನ ಹೇಳೋಕಾದ್ರೂ ನನ್ನನ್ನ ಬಿಡ್ಬೇಕಿತ್ತಲ್ಲಪ್ಪ. ಸ್ಪೀಕರ್ ನೋಡಿ, ಕೆಪಾಸಿಟರ್ ನೋಡಿ ಅಂತ ಫೋನಲ್ಲಿ ಕೆಲ್ಸ ಬೇರೆ ಹೇಳ್ತಿದ್ದೆ. ನಾನೇ ಸುಟ್ಟೆ ಅಂದ್ಕೊಂಡು ಒದ್ದಾಡ್ದೆ."

ವಸಿಷ್ಠನ ಮುಖ ಕಪ್ಪಿಟ್ಟಿತು. ನಂದಕುಮಾರ್ ಆ ಚಿಪ್ಪನ್ನು ಬೆರಳಿನಿಂದ ಅವನ ಕಡೆಗೆ ಸರಿಸಿದ.

"ಇದಕ್ಕೆ ಕುಂಕುಮ ಯಾವಾಗ ಇಟ್ಟೆ?"

"...ತರೋ ದಿನ ಬೆಳಿಗ್ಗೆ."

"ಎಲ್ಲಿಂದ ತಗೊಂಡೆ?"

"ನಮ್ಮ ದೇವರ ಕೋಣೆಯಿಂದ."

ಪ್ರಕೃತಿ ಕಾಫಿ ತಂದು ಬಾಗಿಲಲ್ಲೇ ನಿಂತಿದ್ದಳು. ಲೋಟ ತಟ್ಟೆಗೆ ತಾಗಿ ಸದ್ದಾಯಿತು.

"ನಂದಣ್ಣ, ಒಂದು ಸಣ್ಣ ಕಂಪ್ಯೂಟರ್ ಕೊಡ್ತೀನಿ" ಎಂದ ವಸಿಷ್ಠ. "ಅಂಗೈಯಷ್ಟಿರುತ್ತೆ. ಯಂತ್ರದೊಳಗೆ ಕೂರಿಸಿದ್ರೆ ನಾಣ್ಯ ಹಾಕಿದ ತಕ್ಷಣ ಓಲಗ ಬರುತ್ತೆ. ಅಜ್ಜಿಗೆ ಗೊತ್ತೇ ಆಗಲ್ಲ."

"ಗೊತ್ತಾಗಲ್ಲ. ನಂಗೂ ಗೊತ್ತಾಗ್ತಿರ್ಲಿಲ್ಲ." ನಂದಕುಮಾರ್ ಎದ್ದ. "ನಂಗೇನೂ ಬೇಡ. ದಾನ ಅನ್ನೋ ಮಾತು ತೆಗಿ. ನಾನು ಕೊಡ್ಲಿಲ್ಲ, ನೀನು ತಗೊಂಡೆ. ಹಂಗೇ ಬರಿ."

"ಹಂಗೆ ಬರೆದ್ರೆ ಗುಂಪಲ್ಲಿ ನನ್ನ ಮುಖ ಯಾರು ನೋಡ್ತಾರೆ?"

ಕಾಫಿ ಬೇಡವೆಂದು ಪ್ರಕೃತಿಯ ಮುಂದೆ ಕೈ ಮುಗಿದು ನಂದಕುಮಾರ್ ಹೊರಟ.

ಮನೆಗೆ ಬಂದು ತಾಯಿಗೆ ಎಲ್ಲವನ್ನೂ ಹೇಳಿದ. ಅಂಜನಮ್ಮ ಬೆರಳಿನ ತುದಿಗಳನ್ನು ಒಂದಕ್ಕೊಂದು ಉಜ್ಜುತ್ತ ಕೂತಳು.

"ಆವತ್ತು ಮೇಷ್ಟ್ರು ಬಂದಾಗ ಆ ಮಗ ಅದ್ರ ಹಿಂದೇನೇ ಅವಿತಿದ್ದ ಅಲ್ವಾ?" ಎಂದಳು.

"ಹೂಂ."

"ಒಂದು ಮಾತು ಕೇಳಿದ್ರೆ ನಾನೇ ಕೊಡು ಅಂತಿದ್ನೇನೋ ಕಣ್ಲಾ. ನನ್ನ ಕಿವಿ ಇನ್ನೆಷ್ಟು ದಿನ?" ಆಮೇಲೆ ತಡೆದು, "ಆದ್ರೆ ಒರೆಸ್ದೆ ಅಂದ. ನಾನೂ ನಕ್ಕೆ" ಎಂದಳು.

ಕೆಲವು ದಿನ ಬಿಟ್ಟು ಬಿಂದುಶ್ರೀ ಮೊಬೈಲ್ ಹಿಡಿದು ಅಂಗಡಿಗೆ ಇಳಿದು ಬಂದಳು. ಎಮ್ಯುಲೇಟರಿನವರ ಪುಟದಲ್ಲಿ ಗರುಡದ ಬಗ್ಗೆ ಬರೆದದ್ದನ್ನು ಅವಳು ಆಗಾಗ ತೆಗೆದು ನೋಡುತ್ತಿದ್ದಳು.

"ಅಪ್ಪ, ನಿಮ್ಮ ಹೆಸರು ತೆಗೆದಿದಾರೆ."

"ಏನು ಬರ್ದವ್ನೆ?"

ಅವಳು ಇಂಗ್ಲಿಷನ್ನು ಕನ್ನಡ ಮಾಡಿ ಓದಿದಳು. "ಚಿಪ್ಪನ್ನು ಬೆಂಗಳೂರಿನ ಸಂಗ್ರಾಹಕರೊಬ್ಬರು ದಾನ ನೀಡಿದ್ದಾರೆ. ದಾನಿ ತಮ್ಮ ಹೆಸರು ಹೇಳಲು ಇಚ್ಛಿಸಿಲ್ಲ."

ನಂದಕುಮಾರನ ಕೈಯಲ್ಲಿ ಯಾರದೋ ಮಿಕ್ಸಿಯ ಜಾರ್ ಇತ್ತು. ಅದನ್ನು ತಿರುಗಿಸಿ ತಿರುಗಿಸಿ ನೋಡಿದ.

"ನನ್ನ ಇಚ್ಛೇನೂ ಅವ್ನೇ ಬರ್ಕೊಂಡ್ಬಿಟ್ನಲ್ಲ" ಎಂದ.

"ಕೆಳಗೆ ಬರೀಲಾ ಅಪ್ಪ? ಸುಳ್ಳು ಅಂತ ನಾಲ್ಕು ಸಾಲು ಬರೀತೀನಿ."

"ಬರಿ" ಎಂದ ನಂದಕುಮಾರ್. "ಮೇಷ್ಟ್ರ ಹೆಸರು ಮಾತ್ರ ತರಬೇಡ. ಅವರಿಗೆ ಒಂದ್ಸಲ ಸುಳ್ಳು ಹೇಳಿರೋನು ನಾನು."

ಯಂತ್ರವನ್ನು ಅವನು ಗುಜರಿಗೆ ಕೊಡಲಿಲ್ಲ. ಹಳೆಯ ರೂಪಾಯಿ ಡ್ರಾಯರಿನಲ್ಲೇ ಇದೆ. ಈಗ ಬೆಳಿಗ್ಗೆ ಷಟರ್ ಎತ್ತಿ, ನೀರು ಚಿಮುಕಿಸಿ, ಊದುಬತ್ತಿ ಹಚ್ಚಿ, ನಂದಕುಮಾರ್ ರಸ್ತೆಗೆ ಇಳಿಯುತ್ತಾನೆ. ಮೇಲಿನ ಕಿಟಕಿಯ ಕಡೆಗೆ ಮುಖ ಎತ್ತಿ ಕೂಗುತ್ತಾನೆ.

"ಅಮ್ಮಾ, ತೆಗ್ದೆ!"

ಮೊದಲ ಕೆಲವು ದಿನ ಎಳನೀರಿನವನು ಬೆಚ್ಚಿ ತಿರುಗಿ ನೋಡುತ್ತಿದ್ದ. ಈಗ ಅವನಿಗೂ ಅಭ್ಯಾಸವಾಗಿದೆ. ಕಿಟಕಿಯ ಹಿಂದಿನಿಂದ ಸ್ವಲ್ಪ ತಡವಾಗಿ ಉತ್ತರ ಬರುತ್ತದೆ.

"ಕೇಳ್ತು ಕಣ್ಲಾ. ಕಾಫಿ ಕಳಿಸ್ತೀನಿ."